ಐದೇ ನಿಮಿಷದ ನಿದ್ದೆ

ಸ್ಟೋರಣ್ಣ ಅವತ್ತು ಮಧ್ಯಾಹ್ನ ಊಟದ ಚೀಲ ಬಿಚ್ಚಿದರೆ ಒಳಗಿದ್ದದ್ದು ಎರಡು ಹಾಲಿನ ಬಾಟಲಿ. ನಿದ್ದೆಗಣ್ಣಲ್ಲಿ ಮಕ್ಕಳ ಚೀಲ ಎತ್ತಿಕೊಂಡು ಬಂದಿದ್ದ. ತಪ್ಪು ಅವನದಲ್ಲ ಬಿಡಿ. ಮನೆಯಲ್ಲಿ ನಾಲ್ಕು ತಿಂಗಳ ಅವಳಿ ಮಕ್ಕಳು. ಒಂದು ಅತ್ತು ಸುಸ್ತಾಗಿ ಮಲಗುವ ಹೊತ್ತಿಗೆ ಇನ್ನೊಂದು ಶುರು ಮಾಡುತ್ತಿತ್ತು. ಆ ಒಪ್ಪಂದವನ್ನು ಅವು ಒಂದು ದಿನವೂ ಮುರಿದದ್ದಿಲ್ಲ. ಮೊನ್ನೆ ರಿಜಿಸ್ಟರಿನ ಮೇಲೆ ತಲೆಯಿಟ್ಟು ಗೊರಕೆ ಹೊಡೆಯುತ್ತಿದ್ದಾಗ ದೊಡ್ಡ ಸಾಹೇಬರ ಕೈಗೇ ಸಿಕ್ಕಿಬಿದ್ದಿದ್ದ.

"ಇನ್ನೊಂದ್ಸಲ ಡ್ಯೂಟಿಲಿ ನಿದ್ದೆ ಮಾಡಿದ್ದು ಕಂಡ್ರೆ ಕೆಲಸ ಬಿಟ್ಟು ಮನೆಗೆ ಹೋಗಿ, ಅಲ್ಲೇ ಹಾಯಾಗಿ ಮಲ್ಕೊಳ್ಳಿ," ಎಂದಿದ್ದರು ಸಾಹೇಬರು.

ಮನೆಯಲ್ಲಿ ಹಾಯಾಗಿ ಮಲಗುವುದಂತೆ! ಆ ಪುಣ್ಯಾತ್ಮರಿಗೆ ಮಕ್ಕಳಿರಲಿಲ್ಲ.

ಸ್ಟೋರಣ್ಣ ಇದ್ದದ್ದು ಕಾಲವನ್ನು ಬಗ್ಗಿಸುವ ವಸ್ತುಗಳ ಪ್ರಯೋಗಾಲಯದಲ್ಲಿ. ಅಲ್ಲಿನ ಪಂಡಿತರು ಹನ್ನೆರಡು ವರ್ಷ ತಿಣುಕಿ ರಬ್ಬರಿನಂಥ ಒಂದು ಬೂದು ಹಾಳೆ ತಯಾರಿಸಿದ್ದರು. ಅದನ್ನು ಮೇಜಿನ ಮೇಲಿಂದ ನೆಲಕ್ಕೆ ತಾಗುವಂತೆ ಇಳಿಬಿಟ್ಟರೆ, ಹೊರಗೆ ಒಂದು ನಿಮಿಷ ಕಳೆಯುವಷ್ಟರಲ್ಲಿ ಮೇಜಿನಡಿ ಕೂತವನಿಗೆ ಒಂದು ಗಂಟೆ ಕಳೆದಿರುತ್ತಿತ್ತು. ಆದರೆ ಒಳಗಿನಿಂದ ಎಷ್ಟು ಗುದ್ದಿದರೂ ಹಾಳೆ ಅಲುಗದು, ಹೊರಗಿನವರೇ ಎತ್ತಬೇಕು. ಒಳಗೆ ಎಷ್ಟು ಕೂಗಿಕೊಂಡರೂ ಹೊರಗೆ ಒಂದು ಪಿಸುಮಾತೂ ಕೇಳದು. ಅದರ ಒಂದು ತುಂಡು ಅವನು ನೋಡಿಕೊಳ್ಳುವ ಸ್ಟೋರಿನಲ್ಲಿತ್ತು.

ಒಂದೂವರೆಯಿಂದ ಎರಡರವರೆಗೆ ಊಟದ ಬಿಡುವು. ಎರಡಕ್ಕೆ ಸರಿಯಾಗಿ ಸಾಹೇಬರ ತಪಾಸಣೆ. ಊಟವಂತೂ ಇಲ್ಲ, ಹತ್ತು ನಿಮಿಷ ಹಾಳೆಯೊಳಗೆ ಮಲಗಿದರೆ ಹತ್ತು ಗಂಟೆ ನಿದ್ದೆ! ಸ್ಟೋರಣ್ಣ ಮೇಜಿಗೆ ಹಾಳೆ ಹೊದಿಸಿ, ಕೋಟನ್ನು ದಿಂಬಿನಂತೆ ಮಡಿಸಿ, ಟೈಪಿಸ್ಟ್ ಅಕ್ಕನನ್ನು ಕರೆದ.

"ಅಕ್ಕಾ, ಹತ್ತು ನಿಮಿಷ ಬಿಟ್ಟು ಹಾಳೆ ಎತ್ತಿಬಿಡಿ, ಸಾಕು."

"ಅಯ್ಯೋ, ಅದಕ್ಕೇನಂತೆ! ಆದ್ರೆ ಮೊದ್ಲು ನಂದೊಂದು ಆಗ್ಲಿ ಸ್ಟೋರಣ್ಣ. ಎರಡು ಗಂಟೆಗೆ ಸಾಹೇಬ್ರಿಗೆ ವರದಿ ಕೊಡ್ಬೇಕು, ಇನ್ನೂ ನಲವತ್ತು ಪುಟ ಬಾಕಿ. ಆರೇ ನಿಮಿಷ."

ಬೇಡ ಎನ್ನುವುದಕ್ಕೂ ಮೈಯಲ್ಲಿ ಶಕ್ತಿ ಬೇಕು. ಅವನು ಗಡಿಯಾರ ನೋಡುತ್ತ ನಿಂತ. ಅಕ್ಕ ವರದಿ ಮುಗಿಸಿ ಹೊರಬರುವಾಗ ಬಾಗಿಲಲ್ಲಿ ಗೇಟು ಕಾಯುವ ಮಾಮ ಟವೆಲ್ ಸುತ್ತಿಕೊಂಡು ನಿಂತಿದ್ದ, ಕೈಯಲ್ಲಿ ಒದ್ದೆ ಯೂನಿಫಾರಂ.

"ಬೆಳಿಗ್ಗೆ ಒಗೆದದ್ದು ಇನ್ನೂ ಒಣಗಿಲ್ಲಪ್ಪ. ಎಂಟು ನಿಮಿಷ ಒಳಗಿದ್ರೆ ಒಣಗುತ್ತೆ."

ಅವನ ಬೆನ್ನಿಗೇ ಬಡಗಿ ಬಂದ. ಸಾಹೇಬರ ಕುರ್ಚಿಯ ಕಾಲಿಗೆ ಗೋಂದು ಹಚ್ಚಿದ್ದನಂತೆ, ಒಣಗಲು ಅವನಿಗೂ ಎಂಟು ನಿಮಿಷ ಬೇಕಂತೆ.

"ಇಬ್ಬರೂ ಒಟ್ಟಿಗೇ ಹೋಗ್ಬಾರ್ದೇನ್ರೀ?" ಸ್ಟೋರಣ್ಣ ಅಳುವಂತಾದ.

"ಗೋಂದಿನ ವಾಸನೆಗೆ ನಂಗೆ ತಲೆನೋವು ಬರುತ್ತೆ," ಎಂದ ಮಾಮ.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಯೂನಿಫಾರಂ ಒಣಗಿತು, ಕುರ್ಚಿಯೂ ಗಟ್ಟಿಯಾಯಿತು. ಊರಿನದೆಲ್ಲ ಮುಗಿದು ಅವನ ಸರದಿ ಬಂದಾಗ ಗಂಟೆ ಎರಡಕ್ಕೆ ಐದು ನಿಮಿಷ. ಹೋಗಲಿ, ಐದು ಗಂಟೆ ನಿದ್ದೆಯಾದರೂ ಸಿಕ್ಕಿತಲ್ಲ! ಸ್ಟೋರಣ್ಣ ಮೇಜಿನಡಿ ನುಸುಳಿ ಕೋಟಿನ ಮೇಲೆ ತಲೆಯಿಟ್ಟ. ಅವನ ಕಣ್ಣಲ್ಲಿ ನಿಜವಾಗಿಯೂ ನೀರು ಬಂತು.

"ಅಕ್ಕಾ, ಬಿಡಿ ಹಾಳೆ."

"ರೀ!"

ಹೆಂಡತಿಯ ದನಿ. ಎರಡೂ ಕಂಕುಳಲ್ಲಿ ಒಂದೊಂದು ಮಗು, ಕೈಯಲ್ಲಿ ಊಟದ ಚೀಲ, ಕೆದರಿದ ತಲೆ.

"ಹಾಲಿನ ಚೀಲ ಇಲ್ಲಿಗೆ ತಂದ್ರೆ ಅಲ್ಲಿ ಮಕ್ಕಳಿಗೆ ನಾನೇನು ಕೊಡ್ಲಿ? ಓಡೋಡಿ ಬಂದೆ."

"ಕೂತ್ಕೊಳ್ಳಮ್ಮ, ಪಾಪ," ಎಂದಳು ಅಕ್ಕ. "ಇವರೂ ಐದು ನಿಮಿಷ ಮಲ್ಕೊಳ್ಳೋಕೆ ಹೊರಟಿದಾರೆ."

"ಐದೇ ನಿಮಿಷನಾ? ಹಾಗಾದ್ರೆ ಮಕ್ಕಳನ್ನ ಪಕ್ಕದಲ್ಲೇ ಹಾಕ್ಕೊಳ್ಳಿ. ನಂಗೂ ಸಾಕಾಗಿದೆ ಕಣ್ರೀ, ಈ ಕುರ್ಚಿ ಮೇಲೆ ಐದು ನಿಮಿಷ ಕಣ್ಣು ಮುಚ್ತೀನಿ."

ಅವನ ಎಡಕ್ಕೊಂದು ಬಲಕ್ಕೊಂದು ಮಗು ಬಂತು. ಹಿಂದೆಯೇ ಹಾಲಿನ ಚೀಲವೂ ಬಂತು.

"ಅಲ್ಲ ಕಣೇ, ಈ ಹಾಳೆ ಒಳಗೆ ಐದು ನಿಮಿಷ ಅಂದ್ರೆ—"

ಅಕ್ಕ ಹಾಳೆ ಬಿಟ್ಟಳು.

ಸರಿಯಾಗಿ ಎರಡಕ್ಕೆ ಸಾಹೇಬರು ಬಂದು ತಾವೇ ಹಾಳೆ ಎತ್ತಿದರು. ಸ್ಟೋರಣ್ಣ ನೆಟ್ಟಗೆ ಕೂತಿದ್ದ. ಅಂಗಿ ಎರಡು ಕಡೆ ಒದ್ದೆಯಾಗಿತ್ತು, ಬಾಟಲಿಗಳು ಖಾಲಿಯಾಗಿದ್ದವು, ಕಣ್ಣು ಕೆಂಡದಂತಿತ್ತು. ಐದು ಗಂಟೆ ಸರದಿಯ ಮೇಲೆ ಅತ್ತ ಮಕ್ಕಳು ಆಗಷ್ಟೇ ಅವನ ಹೆಗಲ ಮೇಲೆ ನಿದ್ದೆಹೋಗಿದ್ದವು.

"ಭೇಷ್, ಎದ್ದೇ ಇದೀರಲ್ಲ!" ಎಂದರು ಸಾಹೇಬರು.

ಹೆಂಡತಿ ಮೈಮುರಿಯುತ್ತ ಎದ್ದಳು. ಮುಖ ಅರಳಿತ್ತು. "ಎಂಥ ನಿದ್ದೆ ಬಂತು ಅಂತೀರಿ! ನಿಮ್ಮ ಹತ್ರ ಮಕ್ಕಳು ಅಳೋದೇ ಇಲ್ವಲ್ರೀ, ಒಂಚೂರೂ ಸದ್ದಿಲ್ಲ. ನಾಳೆ ಅರ್ಧ ಗಂಟೆ ಬಿಟ್ಟಿರ್ತೀನಿ."

ಸ್ಟೋರಣ್ಣ ಮಗುವಿನ ಬೆನ್ನ ಮೇಲಿದ್ದ ಬೆರಳು ಮಡಿಸಿ ಎಣಿಸಿದ. ಮೂವತ್ತು ಗಂಟೆ. ಅವನು ಸಾಹೇಬರ ಮುಖವನ್ನು ದೀನನಾಗಿ ನೋಡಿದ. ಆಫೀಸಿಗೆ ಮಕ್ಕಳನ್ನು ತರಕೂಡದೆಂಬ ನಿಯಮವೊಂದು ಇದ್ದೇ ಇರಬೇಕಲ್ಲ!

"ದಿನಾ ಕರ್ಕೊಂಡು ಬನ್ನಿ ತಾಯಿ," ಎಂದರು ಸಾಹೇಬರು. "ಮಕ್ಕಳು ಜೊತೆಗಿದ್ರೆ ಈ ಮನುಷ್ಯ ನಿದ್ದೆ ಮಾಡಲ್ಲ."