ಹನ್ನೆರಡು ಅಡಿಯ ಹೊಗೆಗೂಡು

ಸರ್ಕಾರಕ್ಕೆ ಏನಾದರೂ ತಿಳಿಯಬೇಕಾದರೆ ನನ್ನ ಕಾಲು ನೋಯಬೇಕು. ಇಪ್ಪತ್ತು ವರ್ಷದ ಟೀಚರಿಕೆಯಲ್ಲಿ ಇದೊಂದು ತಪ್ಪಿದ್ದಿಲ್ಲ. "ನಮ್ಮ ಪ್ರಾಂತ ಸಂಪದ್ಭರಿತವಾಗಿದೆ" ಎಂದು ಐದನೇ ಕ್ಲಾಸಿನ ಮಕ್ಕಳಿಗೆ ಬಾಯಿಪಾಠ ಮಾಡಿಸಿಕೊಂಡು ಸುಖವಾಗಿದ್ದವಳನ್ನು, ಎರಡನೇ ಮಹಾಯುದ್ಧ ಮುಗಿದ ಮೇಲಿನ ಒಂದು ಬೇಸಗೆ ರಜೆಯಲ್ಲಿ, ಆ ಸಂಪತ್ತು ಎಲ್ಲುಂಟು ನೋಡಿ ಬನ್ನಿ ಎಂದು ಅಟ್ಟಿದರು. ಊರೂರಿನ ಬೆಳೆ, ಕಾಡು, ಕೈಗಾರಿಕೆಗಳ ಪಟ್ಟಿ ಮಾಡಬೇಕಿತ್ತು.

"ಬಿ.ಎ. ಓದಿದವರಲ್ವಾ, ನಿಮಗೆಂತ ಕಷ್ಟ?" ಎಂದರು ಪಟ್ಟಿಯ ಸಾಹೇಬರು. ಬಿ.ಎ.ಯಲ್ಲಿ ಬಿಸಿಲಿಗೆ ನಡೆಯುವ ಪಾಠ ಇರಲಿಲ್ಲ.

ನೆಕ್ರಾಜೆಯ ನಮ್ಮ ಮನೆಯಿಂದ ಹೊರಡುವ ಮೊದಲೇ ನೆರೆಯ ಕುಂಬಾರ್ತಿ ಅಡ್ಡ ನಿಂತಳು. ಗಂಡ ತೀರಿಕೊಂಡ ಮೇಲೆ ತಾನೇ ತಿಗರಿ ತಿರುಗಿಸುವವಳು. ಸರ್ಕಾರಿ ಜಾಗದ ಜೇಡಿಮಣ್ಣು ಇನ್ನು ಪಟ್ಟಿಯಲ್ಲಿರುವ ಕೈಗಾರಿಕೆಗಳಿಗೆ ಮಾತ್ರ ಎಂದು ಹೊಸ ಹುಕುಂ ಬಂದಿತ್ತು.

"ಟೀಚರಮ್ಮ, ನನ್ನದೂ ಬರೀರಿ. ಮಣ್ಣಿಲ್ಲದಿದ್ರೆ ಮಡಕೆ ಎಂತದರಲ್ಲಿ ಮಾಡುದು, ಅನ್ನದಲ್ಲಿಯಾ?"

"ಎಲ್ಲ ಮುಗಿಸಿ ನಿನ್ನಲ್ಲಿಗೇ ಬರ್ತೇನೆ ಮಾರಾಯ್ತಿ" ಎಂದು ಕೊಡೆ ಬಿಡಿಸಿದೆ.

ನೆಂಟರ ಕೊಬ್ಬರಿ

ಮೀಂಜದ ಒಬ್ಬ ಧನಿಗಳ ಅಂಗಳದಲ್ಲಿ ಕಾಲಿಡಲು ಜಾಗವಿಲ್ಲದಷ್ಟು ಕೊಬ್ಬರಿ ಒಣಗುತ್ತಿತ್ತು.

"ತೆಂಗು ಎಷ್ಟುಂಟು ಧನಿಗಳೇ?"

"ಎಂತ ತೆಂಗು ಟೀಚರೇ! ನಾಲ್ಕು ಮರ. ಅದರಲ್ಲಿ ಎರಡಕ್ಕೆ ರೋಗ."

"ಮತ್ತೆ ಈ ಕೊಬ್ಬರಿ?"

"ನೆಂಟರದು. ನಮ್ಮಲ್ಲಿ ಬಿಸಿಲು ಒಳ್ಳೆದುಂಟು ಅಂತ ತಂದು ಹಾಕಿದ್ದಾರೆ."

ವಾದ ಮಾಡುವ ತ್ರಾಣ ನನ್ನಲ್ಲಿರಲಿಲ್ಲ. ನಾಲ್ಕು ಎಂದೇ ಬರೆದು, ಏಳುವಾಗ ಸುಮ್ಮನೆ ಹೇಳಿದೆ: "ದೊಡ್ಡ ಬೆಳೆಗಾರರ ಹೆಸರು ಪುಸ್ತಕದಲ್ಲಿ ಅಚ್ಚಾಗ್ತದಂತೆ. ಆಚೆಮನೆಯವರದ್ದು ಬರೆದಾಯ್ತು."

ಬೇಲಿಯ ದಣಪೆ ದಾಟುವಷ್ಟರಲ್ಲಿ ಧನಿಗಳು ಏದುಸಿರು ಬಿಡುತ್ತ ಓಡಿಬಂದರು. "ಟೀಚರೇ, ಆ ನೆಂಟರು ಅಂದ್ರೆ ನಾನೇ ಅಂತ ಬರ್ಕೊಳ್ಳಿ."

ಯಂತ್ರ ಒಂದು

ಫಾರ್ಮಿನಲ್ಲಿ 'ಯಂತ್ರಗಳು' ಎಂದೊಂದು ಕಾಲಮು. ಖಾಲಿ ಬಿಟ್ಟರೆ ಫಾರ್ಮು ವಾಪಸು. ದೇಲಂಪಾಡಿಯ ಕಾಡಂಚಿನಲ್ಲಿ ಮರದ ದಿಮ್ಮಿ ಎಳೆಯುತ್ತಿದ್ದದ್ದು ಒಂದು ಆನೆ. ನಾನು ಅದನ್ನೇ ಬರೆದೆ. ಇಂಧನ: ಬೈನೆ ಮರದ ಸೊಪ್ಪು.

"ದಿನಕ್ಕೆ ಎಷ್ಟು ಗಂಟೆ ಕೆಲಸ ಮಾಡ್ತದೆ?" ಎಂದು ಮಾವುತನನ್ನು ಕೇಳಿದೆ.

"ಅದಕ್ಕೆ ಮನಸ್ಸಿದ್ದಷ್ಟು."

"ಕೆಟ್ಟುಹೋದರೆ?"

"ಅದನ್ನು ಬಿಟ್ಟುಹಾಕಿ ನಾವು ಮರ ಹತ್ತುದು."

ಎಲ್ಲ ಹಾಗೆಯೇ ಬರೆದು ಕಳಿಸಿದೆ. ಎರಡು ವಾರಕ್ಕೆ ಫಾರ್ಮು ವಾಪಸು ಬಂತು, ಕೆಂಪು ಶಾಯಿಯಲ್ಲಿ ಒಂದು ಸಾಲು: 'ಯಂತ್ರ ತಯಾರಕರ ಹೆಸರು ನಮೂದಿಸಿಲ್ಲ.'

'ಭಗವಂತ' ಎಂದು ಬರೆದು ಕಳಿಸಿದೆ. ಮತ್ತೆ ವಾಪಸು ಬರಲಿಲ್ಲ.

ಹೊಗೆಗೂಡು

ಕೊನೆಗೆ ಕುಂಬಾರ್ತಿಯ ಸರದಿ. ಅವಳ ಮಡಕೆ ಸುಡುವ ಆವೆ ಎಂದರೆ ನೆಲದ ಮೇಲೆ ಮಡಕೆಯ ರಾಶಿ, ಅದರ ಮೇಲೆ ಹುಲ್ಲು, ಹುಲ್ಲಿನ ಮೇಲೆ ಕೆಸರು. ಹೊಗೆ ತನಗೆ ಬೇಕಾದಲ್ಲಿಂದ ಬರುತ್ತಿತ್ತು. ಪಟ್ಟಿಯ ಸಾಹೇಬರು ಒಪ್ಪಲಿಲ್ಲ. ಹೊಗೆಗೂಡು ಇಲ್ಲದ್ದು ಕೈಗಾರಿಕೆಯೇ ಅಲ್ಲವಂತೆ. ಮುಂದಿನ ವಾರ ತಾವೇ ಬಂದು ನೋಡುವುದಾಗಿ ಹೇಳಿದರು.

ನಾನು ಸೋತ ಮುಖದಲ್ಲಿ ಅವಳಿಗೆ ತಿಳಿಸಿದೆ.

"ಎಷ್ಟು ಎತ್ತರ ಬೇಕಂತೆ?" ಎಂದಳು.

"ಹನ್ನೆರಡು ಅಡಿ."

"ಅಷ್ಟೆಯಾ?"

ಸಾಹೇಬರು ಬಂದ ದಿನ ಆವೆಯ ಮಗ್ಗುಲಲ್ಲಿ, ಹಲಸಿನ ಮರಕ್ಕೆ ಕಟ್ಟಿದ ಹೊಗೆಗೂಡು ನಿಂತಿತ್ತು. ಅದರ ಮೈಗೆಲ್ಲ ಕೆಮ್ಮಣ್ಣು ಮೆತ್ತಿ ನುಣ್ಣಗೆ ಮಾಡಿದ್ದಳು. ಸಾಹೇಬರು ಮೂರು ಸುತ್ತು ಬಂದರು, ಕೊಡೆಯನ್ನೇ ಅಳತೆಗೋಲು ಮಾಡಿ ಅಳೆದರು.

"ಹೊಗೆ ಇದರಿಂದ ಬರುವುದಿಲ್ಲವಲ್ಲ?"

"ಹೊಸತಲ್ವಾ ಸ್ವಾಮೀ, ಅದಕ್ಕಿನ್ನೂ ಅಭ್ಯಾಸ ಆಗ್ಲಿಲ್ಲ."

ನಾನು ಹಲಸಿನ ಮರ ನೋಡುತ್ತ ನಿಂತೆ. ಸಾಹೇಬರು 'ಹನ್ನೆರಡು ಅಡಿ' ಎಂದು ಬರೆದು ರುಜು ಹಾಕಿದರು. ತಿಂಗಳೊಳಗೆ ಮಣ್ಣು ತೆಗೆಯಲು ಅಪ್ಪಣೆ ಬಂತು. ಅದರ ಬೆನ್ನಿಗೇ ಇನ್ನೊಂದು ಕಾಗದ: ಇದು ಮಾದರಿ ಕೈಗಾರಿಕೆ, ಸೋಮವಾರ ದೊಡ್ಡ ಸಾಹೇಬರು ನೋಡಲು ಬರುತ್ತಾರೆ.

ಓಡಿದೆ. ಅಲ್ಲಿ ಹಲಸಿನ ಮರ ಮಾತ್ರ ಉಂಟು.

"ಹೊಗೆಗೂಡು ಎಲ್ಲಿ ಹೋಯ್ತು ಮಾರಾಯ್ತಿ?"

"ಸಂತೆಗೆ" ಎಂದಳು, ತಿಗರಿ ನಿಲ್ಲಿಸದೆ. "ಒಳ್ಳೆ ಮಡಕೆಗಳೇ ಟೀಚರಮ್ಮ, ಒಂದರ ಮೇಲೊಂದು ಕವುಚಿ ಇಟ್ಟದ್ದು. ಹೊಗೆ ಹೋಗ್ಲಿ ಅಂತ ತಳ ಒಡೆದು ಹಾಳು ಮಾಡ್ಲಿಕ್ಕೆ ನನಗೆಂತ ಮರುಳಾ? ತೊಳೆದು ಮಾರಿದೆ."

"ಸೋಮವಾರ ದೊಡ್ಡ ಸಾಹೇಬರಿಗೆ ಎಂತ ತೋರಿಸ್ತಿ?"

"ಈಗ ಮಣ್ಣು ಉಂಟಲ್ಲ. ಬೇಕಾದ್ರೆ ಹದಿನೈದು ಅಡಿ ಮಾಡುವ."

ನಾನು ಅಲ್ಲೇ ಕಲ್ಲಿನ ಮೇಲೆ ಕೂತುಬಿಟ್ಟೆ. "ನಮ್ಮ ಸಾಹೇಬರಿಗೆ ಗೊತ್ತಾದರೆ ನನ್ನ ಕೆಲಸ ಹೋಗ್ತದೆ."

"ಅವರೆಂತ ಹೇಳುದು?" ಎಂದಳು ಅವಳು. "ಮೇಲಿನ ಎರಡಡಿ ಅವರ ಮನೆಯಲ್ಲೇ ಉಂಟು. ಅಮ್ಮನವರು ಸಂತೆಗೆ ಬಂದು ಮೀನಿನ ಪದಾರ್ಥಕ್ಕೆ ಅಂತ ಬಡಿದು ನೋಡಿ, ಆರಿಸಿ ತಕೊಂಡು ಹೋದ್ರು."