ಡೈರಿ ಗೋಡೆಯ ತತ್ತ್ವಜ್ಞಾನಿ

ನಮ್ಮೂರ ಅಂಗಡಿಯವನು ಚಾಕ್‌ಪೀಸ್ ಮಾರುವುದನ್ನು ನಿಲ್ಲಿಸಿದ್ದರೆ ಊರು ಎಂದೋ ನೆಮ್ಮದಿಯಾಗಿರುತ್ತಿತ್ತು! ನಮ್ಮ ಸೋದರಮಾವ ತಿಪಟೂರಿನಲ್ಲಿ ತತ್ತ್ವಶಾಸ್ತ್ರದ ಮೇಷ್ಟರಾಗಿದ್ದವರು. ಕಾಲೇಜಿನಿಂದ ನಿವೃತ್ತರಾದರು, ಕರಿಹಲಗೆಯಿಂದ ಮಾತ್ರ ಆಗಲಿಲ್ಲ. ಊರಿಗೆ ಬಂದವರೇ ಹಾಲಿನ ಡೈರಿಯ ಗೋಡೆಗೊಂದು ಹಲಗೆ ಹೊಡೆಸಿ, ದಿನಾ ಬೆಳಿಗ್ಗೆ ಸಮಾಜದ ಬಗ್ಗೆ ಒಂದು ವಾಕ್ಯ ಬರೆಯತೊಡಗಿದರು. ಕ್ಯಾನು ಹಿಡಿದು ಸಾಲಿನಲ್ಲಿ ನಿಂತವರು ಓದದೆ ಎಲ್ಲಿಗೆ ಹೋದಾರು?

ಊರಲ್ಲೊಂದು ಮದುವೆಯಾದ ಮಾರನೆಯ ದಿನ, "ಎಲೆಯಲ್ಲಿ ಬಿಟ್ಟ ಹೋಳಿಗೆ ದೊಡ್ಡಸ್ತಿಕೆಯಲ್ಲ, ಅಂದಾಜು ತಪ್ಪಿದ ಆಸೆ" ಎಂದು ಬರೆದರು. ಹೆಣ್ಣಿನ ತಂದೆ ಎರಡು ತಿಂಗಳು ಮಾತು ಬಿಟ್ಟರು.

ಇನ್ನೊಂದು ದಿನ, "ಹಾಲಿಗೆ ನೀರು ಬೆರೆಸುವವನು ಮೊದಲು ಮೋಸ ಮಾಡುವುದು ಹಸುವಿಗೆ." ಅವತ್ತು ಡೈರಿಯವರು ಪರೀಕ್ಷೆ ಮಾಡಿ ವಾಪಸು ಕಳಿಸಿದ್ದು ಒಂದೇ ಕ್ಯಾನು. ಯಾರದು ಹೇಳಿ? ನಮ್ಮ ಅತ್ತೆಯದು!

"ಪಾತ್ರೆ ತೊಳೆದ ನೀರು ಚೆಲ್ಲಾಕೆ ಮನಸ್ಸು ಬರ್ಲಿಲ್ಲ ಕಣ್ರೀ, ಅದ್ರಾಗೂ ಹಾಲಿತ್ತಲ್ಲ!" ಎಂದರು ಅತ್ತೆ.

ಮಾವ ನೆಟ್ಟಗೆ ಡೈರಿಗೆ ಹೋಗಿ ಅದೇ ವಾಕ್ಯದ ಕೆಳಗೆ, "ನನ್ನ ಮನೆಯೂ ಸೇರಿ" ಎಂದು ಬರೆದು ಬಂದರು. ಮೂರು ದಿನ ಅವರಿಗೆ ಸಿಕ್ಕಿದ್ದು ಕರೀ ಕಾಫಿ.

ಅಟ್ಟದಿಂದ ಕೊಬ್ಬರಿ ಇಳಿಸುವ ದಿನವೂ ಮಾವ ತತ್ತ್ವ ಬಿಡುತ್ತಿರಲಿಲ್ಲ. ಒಳಗೆ ಒಣಗಿದೆಯೋ ಇಲ್ಲವೋ ಎಂದು ಆಳು ಒಂದೊಂದೇ ಕಾಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸುತ್ತಿದ್ದ.

"ಕಾಯಿ ಒಳಗಿಂದು ಹಿಂಗೆ ಗೊತ್ತಾಯ್ತದೆ. ಮನುಷ್ಯನ್ನ ಎಲ್ಲಿ ಹಿಡಿದು ಅಲ್ಲಾಡಿಸೋದು ಕಣಪ್ಪಾ?"

"ದಿನಾ ಹಲಗೆ ಮ್ಯಾಲೆ ಅಲ್ಲಾಡಿಸ್ತಾನೇ ಇದ್ದೀರಲ್ಲ, ಬುಡಿ ಮೇಷ್ಟ್ರೇ!"

ಇಂಥವರ ಮನೆಗೆ ನಾನು ಒಂದು ದಿನ ಗಂಡನ ಮನೆ ಬಿಟ್ಟು ಬಂದು ಇಳಿದೆ. ಮಾವ ಏಕೆಂದು ಕೇಳಲಿಲ್ಲ. ಊರು ಮಾತ್ರ ಕೇಳದೆಯೇ ನೂರು ಕಾರಣ ಹೇಳಿತು. ನಾಲ್ಕನೆಯ ಬೆಳಿಗ್ಗೆ ಮಾವ, "ಇವತ್ತು ಹಾಲು ನೀನೇ ಹಾಕ್ಬಾರವ್ವ" ಎಂದರು. ಆ ಸಾಲಿನಲ್ಲಿ ನಿಲ್ಲಲಾಗದಿದ್ದರೆ ಈ ಊರಿನಲ್ಲೂ ನನಗೆ ಜಾಗವಿಲ್ಲ.

"ನನ್ ಬಗ್ಗೆ ಮಾತ್ರ ಬರೀಬೇಡಿ ಮಾವ."

"ಆಗ್ಲೇ ಬರೆದು ಬಂದೆ ಕಣವ್ವ. ಊರೆಲ್ಲ ಕಾಯ್ತಿತ್ತು."

ಕಾಲೆಳೆದುಕೊಂಡು ಹೋದೆ. ಡೈರಿಯ ಮುಂದೆ ಎಂದಿಗಿಂತ ದೊಡ್ಡ ಸಾಲು, ಎಲ್ಲರ ಕಣ್ಣೂ ಗೋಡೆಯ ಮೇಲೆ. ಹೆದರುತ್ತಲೇ ಹಲಗೆ ನೋಡಿದೆ.

"ನನ್ನ ಸೋದರಸೊಸೆ ಏಕೆ ಬಂದಳೆಂದು ನನಗೆ ಗೊತ್ತಿಲ್ಲ. ನಿಮಗೂ ಗೊತ್ತಿಲ್ಲ. ಅವಳಿಗೆ ಗೊತ್ತಿದೆ, ಅಷ್ಟು ಸಾಕು."

ಎಲ್ಲ ವಿಷಯಕ್ಕೂ ಮಾತಿದ್ದ ನಮ್ಮ ಮಾವ ಗೊತ್ತಿಲ್ಲವೆಂದು ಬರೆದದ್ದು ಅದೊಂದೇ ಸಲ. ಮುಂದೆ ನಿಂತಿದ್ದ ಹೆಂಗಸೊಬ್ಬಳು ಹಿಂದೆ ತಿರುಗಿ ನೋಡಿ, ಸ್ವಲ್ಪ ಸರಿದು, "ಬಾರವ್ವ, ಕ್ಯಾನು ಇಲ್ಲಿಡು" ಎಂದಳು.