ಕತ್ತಿನ ಮೇಲೆ ಎರಡು ಬೆರಳು

ಭದ್ರಾವತಿಯಲ್ಲಿ ನೀವು ಓಡಿದರೆ ಯಾರೂ ಏನೂ ಕೇಳುವುದಿಲ್ಲ. ಬಸ್ಸು ತಪ್ಪಿತೇನೋ ಎಂದುಕೊಂಡು ದಾರಿ ಬಿಡುತ್ತಾರೆ. ಓಡುತ್ತಿದ್ದವನು ನಿಂತನೋ, ಮುಗಿಯಿತು, ಊರಿಗೆ ಊರೇ ಡಾಕ್ಟರಾಗಿಬಿಡುತ್ತದೆ. ಇದನ್ನು ನಾನು ಸಿಟ್ಟಿನಲ್ಲೇ ಬರೆಯುತ್ತಿದ್ದೇನೆ. ಇಷ್ಟು ವರ್ಷವಾದರೂ ಅದು ಇಳಿದಿಲ್ಲ.

ಆಗ ನಾನು ಕಾರ್ಖಾನೆಯೊಂದರಲ್ಲಿ ಗುಮಾಸ್ತ. ವಾರ್ಷಿಕ ಕ್ರೀಡಾಕೂಟದಲ್ಲಿ ನಲವತ್ತು ದಾಟಿದವರಿಗೆ ಸಾವಿರದೈನೂರು ಮೀಟರ್ ಓಟ. ಸತತ ಮೂರು ವರ್ಷ ಸ್ಟೋರ್ಸಿನ ಸೆಲ್ವರಾಜ್ ಮೊದಲು, ನಾನು ಎರಡನೆಯವನು. ಅವನೋ ಬೀಡಿ ಸೇದುವ ಮನುಷ್ಯ! ಈ ಸಲ ಅವನನ್ನು ಹಿಂದೆ ಹಾಕದಿದ್ದರೆ ಶೂ ಹಾಕುವುದನ್ನೇ ಬಿಡುತ್ತೇನೆ ಎಂದು ಹೆಂಡತಿಯ ಮುಂದೆ ಹೇಳಿಬಿಟ್ಟಿದ್ದೆ. ಶಿವಮೊಗ್ಗದ ದುರ್ಗಿಗುಡಿಯಲ್ಲಿ ಡ್ರಿಲ್ ಮಾಸ್ತರಾಗಿದ್ದ ಅವಳ ತಮ್ಮ ಉಪಾಯ ಹೇಳಿಕೊಟ್ಟ. ಸಿಕ್ಕಾಪಟ್ಟೆ ಓಡುವುದಲ್ಲ, ಎದೆಬಡಿತ ನೋಡಿಕೊಂಡು ಓಡಬೇಕು. ನಡುನಡುವೆ ನಿಂತು, ಕತ್ತಿಗೆ ಎರಡು ಬೆರಳಿಟ್ಟು, ಹದಿನೈದು ಸೆಕೆಂಡು ಬಡಿತ ಎಣಿಸಬೇಕು. ನನ್ನ ವಯಸ್ಸಿಗೆ ಮೂವತ್ತಮೂರು ದಾಟಿದರೆ ವೇಗ ಇಳಿಸಬೇಕು. "ಎಣಿಸೋವಾಗ ಬಾಯಿ ಬಿಡ್ಬೇಡಿ ಭಾವ, ಲೆಕ್ಕ ತಪ್ಪುತ್ತೆ," ಎಂದೂ ಹೇಳಿದ್ದ.

ನಾನು ಬಾಯಿ ಬಿಡಲಿಲ್ಲ. ಅದೇ ತಪ್ಪಾಯಿತು. ಜನ್ನಾಪುರದ ಹಾಲಿನ ಬೂತಿನ ಎದುರು ನಿಂತು ಬೆರಳಿಟ್ಟೆ. ಏನಾಯ್ತು ಸಾರ್ ಎಂದು ಒಬ್ಬರು ಕೇಳಿದರು. ನಾನು ಹನ್ನೊಂದರಲ್ಲಿದ್ದೆ, ಉತ್ತರ ಕೊಡಲಿಲ್ಲ. ಇನ್ನೊಬ್ಬರು ಟವೆಲ್ಲಿನಿಂದ ಗಾಳಿ ಹಾಕಿದರು. ಮತ್ತೊಬ್ಬರು ಬೆನ್ನು ನೀವಿದರು. "ಮಾತೇ ನಿಂತೋಗಿದೆ ಮಾರಾಯ, ಆಟೊ ಕರಿ," ಎಂದು ಯಾರೋ ತೀರ್ಪು ಕೊಟ್ಟರು. ಎಣಿಕೆ ಮುಗಿಯುವಷ್ಟರಲ್ಲಿ ನಾನು ಆಟೊದೊಳಗಿದ್ದೆ. ಇದು ಒಂದೇ ಸಲವಲ್ಲ, ಒಂದೇ ವಾರದಲ್ಲಿ ಮೂರು ಸಲ!

ಭಾನುವಾರ ಆಫೀಸಿನವರು ಮೋಸಂಬಿ, ಬ್ರೆಡ್ಡು ಹಿಡಿದುಕೊಂಡು ಮನೆಗೆ ಬಂದರು. ನಾನು ತರಬೇತಿಯಲ್ಲಿದ್ದೇನೆ ಎಂದೆ. ಹೌದೌದು ಎಂದು ನನ್ನ ಹೆಂಡತಿಯ ಕಡೆ ಅಯ್ಯೋ ಪಾಪ ಎನ್ನುವ ಹಾಗೆ ನೋಡಿದರು. ಸೋಮವಾರ ನೋಡಿದರೆ ಓಟದ ಪಟ್ಟಿಯಲ್ಲಿ ನನ್ನ ಹೆಸರೇ ಇಲ್ಲ. ನನ್ನನ್ನು ಟೈಮ್ ನೋಡುವ ಕೆಲಸಕ್ಕೆ ಹಾಕಿದ್ದರು. ಮೈಯೆಲ್ಲ ಉರಿದುಹೋಯಿತು. ಸಾಹೇಬರ ಕೋಣೆಗೆ ನುಗ್ಗಿ ಕೂಗಾಡಿದೆ. ಅವರು ಮೆಲ್ಲಗೆ ಕುರ್ಚಿ ಎಳೆದುಕೊಟ್ಟರು. "ಕೂತ್ಕೊಳ್ರೀ. ನಿಮ್ಮ ಮಕ್ಕಳು ಇನ್ನೂ ಚಿಕ್ಕವರು," ಎಂದರು.

ಓಟದ ದಿನ ಶಾಮಿಯಾನದ ಕೆಳಗೆ ಸ್ಟಾಪ್‌ವಾಚ್ ಹಿಡಿದು ಕೂತೆ. ಸೆಲ್ವರಾಜ್ ಈ ಸಲವೂ ಮೊದಲು ಬಂದ. ಗೆರೆ ದಾಟಿದವನೇ ಪಕ್ಕಕ್ಕೆ ಸರಿದು, ಕತ್ತಿಗೆ ಎರಡು ಬೆರಳಿಟ್ಟು, ಕೈಗಡಿಯಾರ ನೋಡುತ್ತಾ ತುಟಿ ಅಲ್ಲಾಡಿಸತೊಡಗಿದ. ಕಳ್ಳ! ಇಷ್ಟು ವರ್ಷ ನಮಗೆಲ್ಲ ಬೀಡಿ ತೋರಿಸಿಕೊಂಡು ಇದನ್ನು ಎಲ್ಲಿ ಕದ್ದುಮುಚ್ಚಿ ಮಾಡುತ್ತಿದ್ದನೋ! ಅವನು ಏನು ಮಾಡುತ್ತಿದ್ದಾನೆಂದು ಇಡೀ ಮೈದಾನದಲ್ಲಿ ತಿಳಿದಿದ್ದವನು ನಾನೊಬ್ಬನೇ. ಹತ್ತಿರ ಹೋಗಿ ಏನಾಯ್ತು ಎಂದು ಕೇಳಿದೆ. ಅವನು ಮಾತಾಡಲಿಲ್ಲ. ನಾನು ಅವನ ಭುಜ ಹಿಡಿದುಕೊಂಡು ಜನರ ಕಡೆ ತಿರುಗಿದೆ.

"ಮಾತೇ ನಿಂತೋಗಿದೆ. ಬೇಗ ಆಟೊ ಕರೀರಿ," ಎಂದೆ.

ಬಹುಮಾನ ಕೊಡುವ ಹೊತ್ತಿಗೆ ಸೆಲ್ವರಾಜ್ ಆಸ್ಪತ್ರೆಯಲ್ಲಿದ್ದ. ಅವನ ಪರವಾಗಿ ವೇದಿಕೆ ಹತ್ತಿ ಮೊದಲ ಬಹುಮಾನದ ಕಪ್ ತೆಗೆದುಕೊಂಡವನು ನಾನೇ. ಫೋಟೊ ಚೆನ್ನಾಗಿ ಬಂದಿದೆ.